ಬಿಳಿ ಲಂಗದ ಹುಡುಗಿಯೂ ನಮ್ಮ ನೀಲತ್ತಿಯೂ

ನಮ್ಮ ಅಪ್ಪ ನಗಿಸುವ ಮನುಷ್ಯ. ಕುಬಿಹಾಳದ ಸುತ್ತಿನ ಹಳ್ಳಿಗಳಲ್ಲಿ ಅವನನ್ನು ಬಲ್ಲ ಮುದುಕರು ಇಂದಿಗೂ ಸಿಕ್ಕರೆ ಮೊದಲು ನಗುತ್ತಾರೆ, ಆಮೇಲೆ ನನ್ನನ್ನು ಮಾತಾಡಿಸುತ್ತಾರೆ. ‘ಏನ್ ನಗಸ್ತಿದ್ದನವಾ ನಿಮ್ಮಪ್ಪ, ಹೊಟ್ಟಿ ಹುಣ್ಣಾಗೂಹಂಗ!’ ಎನ್ನುತ್ತಾರೆ. ‘ಹೌದ್ರಿ’ ಎನ್ನುತ್ತೇನೆ. ಅವರೆಲ್ಲ ನಮ್ಮ ಪಡಸಾಲೆಯಲ್ಲಿ ಕೂತು, ಚಹಾ ಕುಡಿದು, ಕಣ್ಣೀರು ಬರುವಷ್ಟು ನಕ್ಕು, ಧೋತರ ಝಾಡಿಸಿಕೊಂಡು ಎದ್ದು ಹೋದವರು. ಅವರು ಹೋದ ಮೇಲೆ ಆ ಮನೆಯಲ್ಲಿ ಉಳಿಯುತ್ತಿದ್ದವರು ನಾವು. ಅಪ್ಪ ಯಾರ ಮೇಲೂ ಕೈ ಮಾಡಿದವನಲ್ಲ, ಕುಡಿದವನಲ್ಲ. ಅವನು ಹೆಸರಿಡುತ್ತಿದ್ದ. ಅವ್ವನ ಮುಂದಿನ ಹಲ್ಲು ತುಸು ಹೊರಗಿದ್ದವು, ಅದಕ್ಕೆ ಮದುವೆಯಾದ ಹೊಸತರಲ್ಲೇ ಅವಳಿಗೆ ತುರಿಮಣಿ ಎಂದು ಹೆಸರಾಯಿತು. ‘ತುರಿಮಣಿ, ಮಂದಿಗಿ ಚಹಾ ತಾ’ ಎಂದರೆ ಅವ್ವ ಸೆರಗಿನಿಂದ ಬಾಯಿ ಮುಚ್ಚಿಕೊಂಡು ಕಪ್ಪು ಬಸಿ ಹಿಡಿದು ಬರುತ್ತಿದ್ದಳು. ನನ್ನ ಹೆಸರು ಶಾರದಾ. ಕಪ್ಪಗೆ ಸಣಕಲಾಗಿದ್ದುದರಿಂದ ಊದಿನಕಡ್ಡಿ ಆದೆ. ಅಪ್ಪನ ತಾಯಿಯನ್ನು ನಾವು ಆಯಿ ಎನ್ನುತ್ತಿದ್ದೆವು. ಆಕೆಗೆ ಕಿವಿ ಮಂದ. ಬಂದ ಮಂದಿಯ ಎದುರು ಅಪ್ಪ ಆಕೆಯತ್ತ ತಿರುಗಿ, ದನಿಯಿಲ್ಲದೆ ಬರೀ ತುಟಿ ಆಡಿಸಿ, ಏನೋ ಅವಸರದ ಸುದ್ದಿ ಹೇಳುವವನಂತೆ ಕೈ ತಿರುವುತ್ತಿದ್ದ. ಆಯಿ ಗಾಬರಿಯಾಗಿ ಗೋಡೆ ಹಿಡಿದು ಏಳುತ್ತಿದ್ದಳು.

“ಏನಾತೋ? ಯಾರಿಗೇನಾತು? ಜ್ವಾರಾಗಿ ಹೇಳೋ ನನ ಮಗನ!”

ಪಡಸಾಲೆ ಬಿದ್ದು ಬಿದ್ದು ನಗುತ್ತಿತ್ತು. ಎಲ್ಲರೂ ನಗುವುದನ್ನು ಕಂಡು ಆಯಿಯೂ ಕೊನೆಗೆ ಬೊಚ್ಚು ಬಾಯಿ ತೆರೆದು ನಗುತ್ತಿದ್ದಳು. ಕೆಟ್ಟ ಸುದ್ದಿ ಏನೂ ಇಲ್ಲ ಎಂಬ ಸಮಾಧಾನಕ್ಕೆ.

ಆ ಮನೆಯಲ್ಲಿ ಇನ್ನೊಬ್ಬಳಿದ್ದಳು: ಅಪ್ಪನ ತಂಗಿ, ನೀಲವ್ವ. ನನಗೆ ನೀಲತ್ತಿ. ಅವಳನ್ನು ಕಲಘಟಗಿ ಕಡೆಯ ತಂಬೂರಿಗೆ ಕೊಟ್ಟಿದ್ದರು. ಮಕ್ಕಳಾಗಲಿಲ್ಲವೆಂದು ಗಂಡ ಈರಪ್ಪ ಇನ್ನೊಬ್ಬಳನ್ನು ತಂದ. ತಂದವನು ಇವಳನ್ನು ಬಿಡಲಿಲ್ಲ, ದುಡಿಯಲಿಕ್ಕೆ ಇಟ್ಟುಕೊಂಡ. ಹೊಸಬಳ ಸೀರೆ ಒಗೆಯುವುದೂ ಇವಳ ಪಾಲಿಗೆ ಬಂದಾಗ ನೀಲತ್ತಿ ಒಂದು ಗಂಟು ಕಟ್ಟಿಕೊಂಡು ತವರಿಗೆ ಬಂದುಬಿಟ್ಟಿದ್ದಳು. ಅವಳು ಗಂಡಸರಿಗಿಂತ ಎತ್ತರ. ಅಗಲವಾದ ಹೆಗಲು, ದೊಡ್ಡ ಅಂಗೈ. ಹೊಲದಿಂದ ಬಂದ ಹತ್ತಿಯ ಅಂಡಿಗೆಯನ್ನು ಇಬ್ಬರು ಆಳು ಹಿಡಿದು ಚಕ್ಕಡಿಯಿಂದ ಇಳಿಸಿದರೆ ಒಬ್ಬಳೇ ಬೆನ್ನ ಮೇಲೆ ಹೊತ್ತು ಒಳಗೆ ತರುತ್ತಿದ್ದಳು. ಅಪ್ಪ ಅವಳಿಗಿಟ್ಟ ಹೆಸರು ಲಾರಿ. ಅವಳು ಪಡಸಾಲೆ ದಾಟುವಾಗಲೆಲ್ಲ ‘ಬಾಜು ಸರೀರೆಪಾ, ಲಾರಿ ಬಂತು’ ಎಂದು ಬಾಯಿಂದ ಹಾರನ್ ಹೊಡೆಯುತ್ತಿದ್ದ. ಊಟಕ್ಕೆ ಅವಳು ಎಲ್ಲರ ಕೊನೆಗೆ. ಅವ್ವ ಬುಟ್ಟಿಯ ತಳದಲ್ಲಿ ಉಳಿದ, ಒಣಗಿ ಕಟಕಾದ ರೊಟ್ಟಿಯನ್ನು ಅವಳ ತಾಟಿಗೆ ಹಾಕುತ್ತಿದ್ದಳು, ಮೇಲೆ ಒಂದಿಷ್ಟು ಖಾರದ ಹಿಂಡಿ. ಪಲ್ಯ ಉಳಿದಿದ್ದರೂ ಗಡಿಗೆಯ ಬಾಯಿ ಮುಚ್ಚಿರುತ್ತಿತ್ತು. ಅವ್ವ ಕೆಟ್ಟವಳೆಂದು ನಾನು ಹೇಳಲಾರೆ. ನೀಲತ್ತಿ ಬಂದ ಮೇಲೆ ಅಪ್ಪನ ಚೇಷ್ಟೆಯ ಅರ್ಧಕ್ಕರ್ಧ ಅವ್ವನ ಮೇಲಿಂದ ಇಳಿದು ಆ ಅಗಲ ಹೆಗಲ ಮೇಲೆ ಹೋಗಿ ಕೂತಿತ್ತು. ಅದು ಅಲ್ಲೇ ಇರಲಿ ಎಂದು ಅವ್ವ ತನ್ನಿಂದಾದಷ್ಟು ನೋಡಿಕೊಂಡಳು, ಅಷ್ಟೇ. ನೀಲತ್ತಿ ಯಾವುದಕ್ಕೂ ಎದುರಾಡುತ್ತಿರಲಿಲ್ಲ. ರೊಟ್ಟಿಯನ್ನು ನೀರಿಗೆ ಅದ್ದಿ ಮೆತ್ತಗೆ ಮಾಡಿಕೊಂಡು ತಿಂದು, ತಾಟು ತೊಳೆದಿಟ್ಟು, ನನ್ನ ಬಾಜು ಬಂದು ಮಲಗುತ್ತಿದ್ದಳು. ನನ್ನ ಎರಡೂ ಪಾದಗಳನ್ನು ಒಂದೇ ಅಂಗೈಯಲ್ಲಿ ಹಿಡಿದು ಬೆಚ್ಚಗೆ ಮಾಡುತ್ತಿದ್ದಳು.

ಟಿವಿ ಬಂದದ್ದು ನಾನು ಕನ್ನಡ ಸಾಲೆಯ ಐದನೆಯ ತರಗತಿಯಲ್ಲಿದ್ದಾಗ. ಊರಿಗೆ ಅದೇ ಮೊದಲನೆಯದು. ಅಪ್ಪನಿಗೆ ನಗಿಸಲು ಇನ್ನಷ್ಟು ಮಂದಿ ಬೇಕಾಗಿದ್ದರು ಎಂದು ಈಗ ಅನಿಸುತ್ತದೆ. ಪಡಸಾಲೆಯ ಗೋಡೆಯ ಮಾಡಿನಲ್ಲಿ, ಮೊದಲು ದೇವರ ಫೋಟೋ ಇದ್ದ ಜಾಗದಲ್ಲಿ, ಅದನ್ನು ಇಟ್ಟರು. ಮಾಳಿಗೆಯ ಮೇಲೆ ಹುಬ್ಬಳ್ಳಿ ದಿಕ್ಕಿಗೆ ಮುಖ ಮಾಡಿ ಆಂಟೆನಾ ನಿಂತಿತು. ಗಾಳಿ ಬೀಸಿದರೆ ಚಿತ್ರವೆಲ್ಲ ಉಪ್ಪು ಸುರಿದಂತಾಗುತ್ತಿತ್ತು. ಆಗ ನೀಲತ್ತಿ ನಿಚ್ಚಣಿಕೆ ಹತ್ತಿ ಕೊಳವೆ ತಿರುವಬೇಕು, ಕೆಳಗಿನಿಂದ ಮಂದಿ ‘ಬಂತು, ಬಂತು, ಹೋತು’ ಎಂದು ಕೂಗಬೇಕು. ಭಾನುವಾರ ಸಂಜೆಯ ಸಿನಿಮಾಕ್ಕೆ ಓಣಿಗೆ ಓಣಿಯೇ ನಮ್ಮಲ್ಲಿ ಸೇರುತ್ತಿತ್ತು. ಮುಂದೆ ಜಮಖಾನದ ಮೇಲೆ ಗಂಡಸರು. ಅವರ ನಡುವೆ ಒಂದೇ ಕುರ್ಚಿ, ಅಪ್ಪನದು. ಅಡುಗೆಮನೆಯ ಬಾಗಿಲಲ್ಲಿ ಹೆಂಗಸರು. ಎಲ್ಲರ ಹಿಂದೆ ದನಗಳ ಗೋದಲಿಯ ಹತ್ತಿರದ ಕಂಬಕ್ಕೆ ಆತು ನೀಲತ್ತಿ ನಿಲ್ಲುತ್ತಿದ್ದಳು. ಎತ್ತರದವಳಾದ್ದರಿಂದ ಅವಳು ಎಲ್ಲಿ ನಿಂತರೂ ಕಾಣುತ್ತದೆ ಎಂದು ಯಾರೂ ಅವಳಿಗೆ ಜಾಗ ಬಿಡುತ್ತಿರಲಿಲ್ಲ.

ಒಂದು ಭಾನುವಾರ ಸಿನಿಮಾದ ಬದಲು ಇನ್ನೇನೋ ಬಂತು. ಯಾವುದೋ ಹೊರದೇಶದ ರಂಗದ ಮೇಲೆ ಆಡಿದ್ದನ್ನು ಚಿತ್ರ ತೆಗೆದು ತೋರಿಸುತ್ತಿದ್ದರು. ಮಾತಿಲ್ಲ, ಹಾಡಿಲ್ಲ, ಬರೀ ಪಿಟೀಲಿನ ಬಾಜಾ. ಕಾಡಿನಂಥ ಜಾಗ, ಒಂದು ಗೋರಿ, ಗೋರಿಯ ಮೇಲೆ ಶಿಲುಬೆಯ ಅಡ್ಡಪಟ್ಟಿ. ಬಿಗಿಯಾದ ಇಜಾರು ತೊಟ್ಟ ಒಬ್ಬ ಗಂಡಸು ಹೂ ಹಿಡಿದು ಬಂದು ಗೋರಿಯ ಮುಂದೆ ಕೂತ. ಅವನ ಹಿಂದಿನಿಂದ ಬಿಳಿ ಲಂಗದ ಹುಡುಗಿಯೊಬ್ಬಳು ಬಂದಳು. ಬಂದಳು ಎನ್ನಬಾರದು, ಅವಳ ಕಾಲು ನೆಲಕ್ಕೆ ತಾಗುತ್ತಿರಲಿಲ್ಲ, ತಾಗಿದರೂ ಹೆಬ್ಬೆರಳ ತುದಿಯಷ್ಟೇ. ಲಂಗ ಹೊಗೆಯ ಹಾಗೆ ಅವಳ ಹಿಂದೆ ಒಂದು ಗಳಿಗೆ ತಡವಾಗಿ ತಿರುಗುತ್ತಿತ್ತು. ಅವನು ಅವಳ ಸೊಂಟ ಹಿಡಿದು ಎತ್ತಿದ. ತಲೆಯ ಮೇಲಕ್ಕೆ ಎತ್ತಿ ಹಿಡಿದರೆ ಅವಳು ಅಲ್ಲಿ ಮಲಗಿದಂತೆ ತೇಲುತ್ತಿದ್ದಳು. ಇಳಿಸಿದರೆ ಸದ್ದೇ ಇಲ್ಲ. ಸಿನಿಮಾ ತಪ್ಪಿದ್ದಕ್ಕೆ ಗೊಣಗುತ್ತಿದ್ದ ಮಂದಿಗೆ ಅಪ್ಪನೇ ಸಿನಿಮಾ ಆದ.

“ಅಲ್ಲೋ, ಆ ಗಂಡಸಿನ ಧೋತರ ಯಾರ ಕದ್ರು? ಪಾಪ, ಅದಕ್ಕ ಹಂಗ ಜಿಗದಾಡಾಕತ್ತಾನ. ಏ ಹುಡುಗಿ, ಇಳಿ ಕೆಳಗ, ಅವನ ನಡಾ ಮುರದೀತು!”

ಜನ ಉರುಳಾಡಿ ನಕ್ಕರು. ನಮ್ಮ ಬಾಜು ಮನೆಯ ಇಮಾಮಸಾಬ ಮಾಸ್ತರರು ಸಾಲೆಯಲ್ಲಿ ನನಗೆ ಕಲಿಸುತ್ತಿದ್ದವರು. ಅವರು ಮಾತ್ರ ಕೈ ಎತ್ತಿ ಸಣ್ಣ ದನಿಯಲ್ಲಿ ಕತೆ ಹೇಳಿದರು. ಮೊದಲಿಗೆ ಟಿವಿಯಲ್ಲಿ ಇಂಗ್ಲಿಷಿನಲ್ಲಿ ಹೇಳಿದ್ದನ್ನು ಅವರು ಗಮನವಿಟ್ಟು ಕೇಳಿದ್ದರು.

“ಆ ಹುಡುಗಿ ಜೀವಂತ ಇಲ್ರಿ. ಇವನs ಆಕಿಗೆ ಮೋಸ ಮಾಡಿದ್ದ, ಎದಿ ಒಡದು ಸತ್ಲು. ಈಗ ಗೋರಿಯಿಂದ ಎದ್ದು ಬಂದಾಳ. ಇವನ್ನ ಕೊಲ್ಲಾಕ ಬಂದ ದೆವ್ವಗೋಳ ಕೈಯಿಂದ ಇವನ್ನ ಉಳಸಾಕತ್ತಾಳ.”

“ಸತ್ತ ಮ್ಯಾಲೂ ಗಂಡಸಿನ ಚಾಕರಿ ತಪ್ಪಲಿಲ್ಲ ನೋಡು” ಎಂದು ಬಾಗಿಲಲ್ಲಿದ್ದ ಮುದುಕಿಯೊಬ್ಬಳು ನಿಟ್ಟುಸಿರಿಟ್ಟಳು. ಅಪ್ಪ ಅದಕ್ಕೂ ಒಂದು ಮಾತು ಜೋಡಿಸಿದ. ನಾನು ಹಿಂದೆ ತಿರುಗಿ ನೋಡಿದೆ. ನೀಲತ್ತಿ ಕಂಬವನ್ನು ಎರಡೂ ಕೈಯಿಂದ ಹಿಡಿದಿದ್ದಳು. ಬಾಯಿ ಸ್ವಲ್ಪ ತೆರೆದಿತ್ತು. ಹಿಂದೆ ಎತ್ತು ಅವಳ ಸೆರಗನ್ನು ಬಾಯಿಗೆ ಹಾಕಿಕೊಂಡು ಜಗಿಯುತ್ತಿದ್ದರೂ ಅವಳಿಗೆ ಖಬರು ಇರಲಿಲ್ಲ. ಆ ರಾತ್ರಿ ಹಾಸಿಗೆಯಲ್ಲಿ ಅವಳು ಹೇಳಿದ್ದು ಒಂದೇ ಮಾತು.

“ಆಕಿನ್ನ ನೋಡಾಕತ್ತಿದ್ದಿ ನೀ. ನಾ ಅವನ ಕೈ ನೋಡಿದೆ. ಎತ್ತೂದೂ ಒಂದ ಕುಣಿತ ಅದ ಅಂತ ನನಗ ಗೊತ್ತಿರಲಿಲ್ಲ ಶಾರಿ.”

ಆಗ ಹತ್ತಿ ಬಿಡಿಸುವ ಕಾಲ. ಅಡುಗೆಮನೆಯ ಹಿಂದಿನ ಕೋಣೆಯಲ್ಲಿ ಹತ್ತಿಯನ್ನು ಆಳೆತ್ತರಕ್ಕೆ ಒಟ್ಟಿದ್ದರು. ಅದಕ್ಕೊಂದೇ ಸಣ್ಣ ಕಿಟಕಿ. ಮಧ್ಯಾಹ್ನ ಅದರಿಂದ ಬಿಸಿಲು ಬಿದ್ದರೆ ಅರಳೆಯ ಎಳೆಗಳು ಗಾಳಿಯಲ್ಲಿ ತೇಲಾಡುವುದು ಕಾಣುತ್ತಿತ್ತು. ಹತ್ತಿಯಲ್ಲಿ ಸೇರಿದ ಎಲೆ, ಕಡ್ಡಿ ಆರಿಸುವುದು ನೀಲತ್ತಿಯ ಕೆಲಸ, ಸಾಲೆ ಬಿಟ್ಟ ಮೇಲೆ ನಾನೂ ಕೂಡುತ್ತಿದ್ದೆ. ಒಂದು ಮಧ್ಯಾಹ್ನ ಅವಳು ಸೆರಗು ಸೊಂಟಕ್ಕೆ ಬಿಗಿದು, ನನ್ನ ಪಕ್ಕೆಗಳಿಗೆ ಅಂಗೈ ಹಚ್ಚಿ, ‘ಉಸರ ಹಿಡಿ’ ಎಂದಳು. ಮರುಗಳಿಗೆ ನಾನು ತೊಲೆಗಳ ಹತ್ತಿರ ಇದ್ದೆ. ಹೆದರಿ ಕಾಲು ಬಡಿದೆ, ಅವಳು ನನ್ನನ್ನು ಹತ್ತಿಯ ಒಟ್ಟಿಲಿನ ಮೇಲೆ ಕೆಡವಿದಳು, ನಾನು ಕುತ್ತಿಗೆಯವರೆಗೆ ಹೂತುಹೋದೆ. ಅಲ್ಲಿಂದ ದಿನಾಲೂ ಅದೇ ಆಯಿತು. ಕಾಲು ಜೋಡಿಸುವುದು, ಹೆಬ್ಬೆರಳು ಕೆಳಗೆ ಚಾಚುವುದು, ಕತ್ತು ಹಿಂದಕ್ಕೆ ಚೆಲ್ಲಿ ಕೈ ಬಿಡುವುದು, ಎಲ್ಲ ಕಲಿತೆ. ಅವಳು ಎತ್ತುವಾಗ ಮೊಣಕಾಲು ಮಡಿಸಿ ಸಾವಕಾಶವಾಗಿ ಏಳುತ್ತಿದ್ದಳು. ಮೇಲೆ ಹಿಡಿದು ನನ್ನನ್ನು ಸುತ್ತ ತಿರುಗಿಸುವಾಗ ಅವಳ ಉಸಿರು ನನಗೆ ಕೇಳುತ್ತಿತ್ತು. ಇಳಿಸುವಾಗ ನನ್ನ ಪಾದ ನೆಲಕ್ಕೆ ತಾಗಿದ್ದು ನನಗೇ ತಿಳಿಯದ ಹಾಗೆ ಇಳಿಸಬೇಕೆಂಬುದು ಅವಳ ಹಟ. ಸದ್ದಾದರೆ ಮತ್ತೆ ಎತ್ತುತ್ತಿದ್ದಳು. ಸಾಲೆಯಲ್ಲಿ, ಮನೆಯಲ್ಲಿ, ಎಲ್ಲೂ ನಾನು ಚೆಂದ ಎಂದು ಯಾರೂ ನನಗೆ ಹೇಳಿರಲಿಲ್ಲ. ಆ ಕೋಣೆಯಲ್ಲಿ ಯಾರೂ ಹೇಳದೆ ಅದು ನನಗೆ ಗೊತ್ತಾಯಿತು.

ಅಪ್ಪ ಒಮ್ಮೆ ಕಿಟಕಿಯಿಂದ ನೋಡಿದ. ನಾನು ಮೇಲಿದ್ದೆ, ನನಗೇ ಮೊದಲು ಅವನ ಮುಖ ಕಂಡದ್ದು. ಬೈಯಲಿಲ್ಲ, ನಗಲೂ ಇಲ್ಲ. ಒಳ್ಳೆಯ ತಿನಿಸು ಸಿಕ್ಕವನು ಅದನ್ನು ಎಲ್ಲರೂ ಇದ್ದಾಗ ತಿನ್ನೋಣ ಎಂದು ತೆಗೆದಿಡುವ ಹಾಗೆ ಸುಮ್ಮನೆ ಸರಿದು ಹೋದ. ಮುಂದಿನ ಭಾನುವಾರ ಓಣಿ ಸೇರಿತು. ಸಿನಿಮಾದ ನಡುವೆ ಸುದ್ದಿ ಬರುವ ಹೊತ್ತಿಗೆ ಅಪ್ಪ ಎದ್ದು ಟಿವಿ ಬಂದ್ ಮಾಡಿದ. ಜಮಖಾನ ಅರ್ಧ ಸುತ್ತಿಸಿ ನಡುವೆ ಜಾಗ ಮಾಡಿಸಿದ.

“ವಿಲಾಯತಿ ಕುಣಿತಾ ನೋಡಾಕ ದಿಲ್ಲಿ ತನಾ ಯಾಕ ಹೋಗ್ಬೇಕ್ರಿ? ನಮ್ಮ ಮನ್ಯಾಗs ಐತಿ. ಲಾರಿ ಮತ್ತ ಊದಿನಕಡ್ಡಿ! ಬಾ ಬೇ ನೀಲಾ, ತೋರಸು.”

ಅವ್ವ ಅಡುಗೆಮನೆಯಿಂದ ಕೈ ಒರೆಸುತ್ತ ಬಂದು, ಏನೆಂದು ತಿಳಿಯದೆ, ಅಪ್ಪ ನಗುತ್ತಿದ್ದಾನೆಂದು ತಾನೂ ನಕ್ಕಳು. ನೀಲತ್ತಿ ಕಂಬ ಬಿಟ್ಟು ಬರಲಿಲ್ಲ.

“ಬ್ಯಾಡೋ ಅಣ್ಣಾ.”

“ಹಂಗಾರ ನಾಳೆ ಮುಂಜಾನಿ ತಂಬೂರ ಬಸ್ಸಿಗೆ ಕುಂಡರಸ್ಲೇನು? ನಿನ ಗಂಡ ಮೊನ್ನಿ ಮಂದಿ ಕಳಸಿದ್ದ.”

ಅದು ನಿಜವೆಂದು ಆಮೇಲೆ ತಿಳಿಯಿತು. ನೀಲತ್ತಿ ಅಲ್ಲಿಂದ ಪಡಸಾಲೆಯ ನಡುವೆ ನಡೆದು ಬಂದಳು. ಅಪ್ಪ ಹಾರನ್ ಹೊಡೆದ, ಜನ ನಕ್ಕರು. ಅವಳು ನನ್ನನ್ನು ಕರೆದು ಪಕ್ಕೆಗೆ ಕೈ ಹಚ್ಚಿದಾಗ ಅವಳ ಅಂಗೈ ತಣ್ಣಗಿತ್ತು. ಕಿವಿಯಲ್ಲಿ, ‘ಮಂದೀನ ನೋಡಬ್ಯಾಡ, ತೊಲಿ ನೋಡು’ ಎಂದಳು. ಎತ್ತಿದಳು. ಮೊದಲಿಗೆ ನಗು ಇನ್ನೂ ಜೋರಾಯಿತು, ಯಾರೋ ಸಿಳ್ಳೆ ಹಾಕಿದರು. ನಾನು ತೊಲೆ ನೋಡುತ್ತ ಕಾಲು ಜೋಡಿಸಿ ಕತ್ತು ಹಿಂದೆ ಚೆಲ್ಲಿದೆ. ಅವಳು ತಿರುಗಲು ಶುರು ಮಾಡಿದಳು. ಒಂದು ಸುತ್ತು ಮುಗಿಯುವಷ್ಟರಲ್ಲಿ ಸಿಳ್ಳೆ ನಿಂತಿತು. ನಗು ಅಲ್ಲೊಂದು ಇಲ್ಲೊಂದು ಉಳಿದು, ಆಮೇಲೆ ಅದೂ ನಿಂತಿತು. ಗೋದಲಿಯಲ್ಲಿ ಎತ್ತು ಮೇವು ಎಳೆಯುವ ಸದ್ದು ಕೇಳತೊಡಗಿತು. ಬಾಗಿಲ ಕಡೆಯಿಂದ ಹೆಂಗಸೊಬ್ಬಳ ದನಿ ಬಂತು:

“ಎಷ್ಟ ಚಂದ ಐತಿ ಬೇ!”

ಅಪ್ಪನ ಪಡಸಾಲೆಯಲ್ಲಿ ಮಂದಿ ಸೇರಿಯೂ ನಗು ಇಲ್ಲದ ಹೊತ್ತು ಅದೊಂದೇ ಇರಬೇಕು. ಅವನು ಕುರ್ಚಿಯಿಂದ ಮುಂದಕ್ಕೆ ಬಾಗಿದ್ದು ನನಗೆ ಓರೆಯಾಗಿ ಕಂಡಿತು. ಕುರ್ಚಿಗೆ ಆನಿಸಿದ್ದ ಕೊಡೆ ತೆಗೆದುಕೊಂಡ. ಅದರ ಬಾಗಿದ ಹಿಡಿಕೆ ನನ್ನ ಹಿಮ್ಮಡಿಗೆ ಬಿದ್ದು ಎಳೆಯಿತು. ಕೆಡವಬೇಕೆಂದೇ ಎಳೆದನೆಂದು ನಾನು ಹೇಳುವುದಿಲ್ಲ. ನಿಂತ ನಗು ಮತ್ತೆ ಶುರುವಾಗಲಿ ಎಂದು ಎಳೆದ. ಶುರುವಾಯಿತು. ನೀಲತ್ತಿಯ ಕೈಯಿಂದ ಜಾರಿ ನಾನು ಗಾಳಿಯಲ್ಲಿ ಕೈಕಾಲು ಬಡಿದದ್ದಕ್ಕೆ ಇಡೀ ಪಡಸಾಲೆ ಹೋ ಎಂದಿತು. ಆ ನಗುವಿನ ನಡುವೆ ನಾನು ಮೊಣಕೈ ಮೇಲೆ ಕಲ್ಲುಹಾಸಿಗೆ ಬಿದ್ದೆ. ಎಲುಬು ಮುರಿದ ಸದ್ದು ನನಗೊಬ್ಬಳಿಗೇ ಕೇಳಿರಬೇಕು, ಯಾಕೆಂದರೆ ನಾನು ಚೀರುವವರೆಗೆ ಅವರು ನಗುತ್ತಲೇ ಇದ್ದರು.

ಶಲವಡಿಯ ಕಡೆಯಿಂದ ಎಲುಬು ಕಟ್ಟುವವನನ್ನು ಕರೆಸಿದರು. ಅವನು ಬಿದಿರು ಸೀಳು ಇಟ್ಟು, ಔಷಧಿ ಮೆತ್ತಿ, ಬಿಗಿದು ಕಟ್ಟಿದ. ಕೈ ಕೂಡಿತು, ಆದರೆ ಸೊಟ್ಟಗೆ ಕೂಡಿತು. ಕಟ್ಟಿನ ಕೈ ಹಿಡಿದು ಮಲಗಿದ್ದಾಗ ಬಂದವರಿಗೆಲ್ಲ ಅಪ್ಪ ಹೇಳುತ್ತಿದ್ದುದು ಕೇಳುತ್ತಿತ್ತು: ‘ಲಾರಿ ಬ್ರೇಕ್ ಫೇಲ್ ಆತ್ರಿ, ನಮ್ಮ ಕೂಸು ಬಿತ್ತು.’ ಎರಡನೆಯ ಸಲ ಹೇಳುವಾಗಲೇ ಅವನ ದನಿಯಲ್ಲಿ ನಂಬಿಕೆ ಬಂದಿತ್ತು. ಅವ್ವ ನನ್ನ ಹತ್ತಿರ ನೀಲತ್ತಿಯನ್ನು ಬಿಡುತ್ತಿರಲಿಲ್ಲ. ಅಂಬಲಿ ಕುಡಿಸುತ್ತ ‘ನೆಲದ ಮ್ಯಾಲಿದ್ದ ಕೂಸಿನ್ನ ಎತ್ತ ಅಂತ ಯಾರ ಹೇಳಿದ್ರು ಆಕಿಗೆ?’ ಎನ್ನುತ್ತಿದ್ದಳು. ಕೊಡೆ ಅವ್ವನಿಗೂ ಕಂಡಿತ್ತು. ಅಡುಗೆಮನೆಯ ಬಾಗಿಲಿನಿಂದ ಅಪ್ಪನ ಕುರ್ಚಿ ಎದುರಿಗೇ ಇತ್ತು.

ಹೆಚ್ಚು ದಿನ ಕಳೆಯಲಿಲ್ಲ, ತಂಬೂರಿನಿಂದ ಈರಪ್ಪ ಬಂದ. ಜೊತೆಗೆ ಅವನ ಊರಿನ ಹಿರಿಯನೊಬ್ಬ. ಎರಡನೆಯ ಹೆಂಡತಿ ಹಡೆದು ಹಾಸಿಗೆ ಹಿಡಿದಿದ್ದಳು. ಕೂಸು ಇತ್ತು, ಎಮ್ಮೆ ಇದ್ದವು, ಮಾಡುವವರಿರಲಿಲ್ಲ. ನಮ್ಮ ಕಡೆಯಿಂದ ಇಮಾಮಸಾಬ ಮಾಸ್ತರರನ್ನು ಕರೆದಿದ್ದರು. ಪಡಸಾಲೆಯಲ್ಲಿ ಎಲ್ಲರೂ ಕೂತರು. ಓಣಿಯ ಗಂಡಸರು ಕಟ್ಟೆಯ ಮೇಲೆ, ಹೆಂಗಸರು ಬಾಗಿಲಲ್ಲಿ ಕೂತು ಕಿವಿಗೊಟ್ಟರು. ಅಪ್ಪ ನನ್ನನ್ನು ಹೊರಗೆ ಕರೆಸಿ ಕಟ್ಟಿದ ಕೈಯನ್ನು ಎಲ್ಲರಿಗೂ ತೋರಿಸಿದ. ಇಂಥವಳನ್ನು ಮಕ್ಕಳಿರುವ ಮನೆಯಲ್ಲಿ ಇಟ್ಟುಕೊಳ್ಳುವುದು ಹೇಗೆ ಎಂದು ಕೇಳಿದ. ಮಾಸ್ತರರು ನನ್ನತ್ತ ತಿರುಗಿದರು.

“ಶಾರದಾ, ನೀನs ಹೇಳವಾ ತಂಗಿ. ಹ್ಯಾಂಗ ಬಿದ್ದಿ?”

“ಅಪ್ಪ ಕೊಡಿಲೆ ಕಾಲ ಜಗ್ಗಿದ್ರಿ ಸರ್. ಅತ್ತಿ ಕೈ ಬಿಟ್ಟಿಲ್ಲ.”

ಹೇಳಿಬಿಟ್ಟೆ, ಇನ್ನು ಎಲ್ಲ ಸರಿಹೋಗುತ್ತದೆ ಎಂದುಕೊಂಡೆ. ನಿಜ ಹೇಳಬೇಕು ಎಂದು ಆ ಮಾಸ್ತರರೇ ನಮಗೆ ಕಲಿಸಿದ್ದರು. ಅಪ್ಪ ಕಣ್ಣು ದೊಡ್ಡದು ಮಾಡಿ ನನ್ನನ್ನೇ ನೋಡಿ, ಎರಡೂ ಕೈ ಜೋಡಿಸಿದ.

“ಹೌದವಾ ತಾಯಿ. ನಾನs ಜಗ್ಗಿದೆ. ನಿನ್ನ ಹಡದಾವನೂ ನಾನ ಅಲ್ಲ, ನಿಮ್ಮತ್ತಿನs ಹಡದಾಳ. ಊದಿನಕಡ್ಡಿ ಹಚ್ಚೂತನಾ ಸುಮ್ಮನ ಇರ್ತೈತ್ರಿ, ಹಚ್ಚಿದ್ರ ಬರೀ ಹೊಗಿ!”

ಕಟ್ಟೆಯ ಮೇಲಿನವರು ನಕ್ಕರು. ಈರಪ್ಪ ನಕ್ಕ, ಅವನ ಹಿರಿಯನೂ ನಕ್ಕ. ಮಾಸ್ತರರು ನಗಲಿಲ್ಲ, ತಲೆ ತಗ್ಗಿಸಿ ಟೋಪಿ ಸರಿಮಾಡಿಕೊಂಡರು. ಅಂದು ಕೊಡೆ ಜಗ್ಗಿದಾಗ ಅವರೂ ಅಪ್ಪನ ಕುರ್ಚಿಯ ಬಾಜು ಕೂತಿದ್ದರು. ಅವರು ಬಾಯಿ ತೆರೆಯುತ್ತಾರೆ ಎಂದು ನಾನು ಕಾದೆ. ಬಹಳ ಹೊತ್ತು ಕಾದೆ. ಆಯಿ ಮೂಲೆಯಲ್ಲಿ ಕೂತು, ಯಾಕೆ ನಗುತ್ತಿದ್ದಾರೆಂದು ಕೇಳಿಸದೆ, ತಾನೂ ನಗುತ್ತಿದ್ದಳು. ತನ್ನ ಮಗಳನ್ನು ಕಳಿಸುವ ಮಾತು ನಡೆದಿದೆಯೆಂದು ಆಕೆಗೆ ಯಾರೂ ಕೂಗಿ ಹೇಳಿರಲಿಲ್ಲ.

ಅಪ್ಪ ಎದ್ದು ನಿಂತು ಕೈ ಝಾಡಿಸಿದ. ‘ಆತ ಹಂಗಾರ, ಲೋಡ ಹೇರ್ರಿ’ ಎಂದ. ನೀಲತ್ತಿ ಅಲ್ಲಿಯವರೆಗೆ ಗೋದಲಿಯ ಹತ್ತಿರ ನಿಂತು ಎಲ್ಲ ಕೇಳುತ್ತಿದ್ದಳು. ಅವಳು ಬಂದು ನನ್ನ ತಲೆಯ ಮೇಲೆ ಒಂದು ಸಲ ಕೈ ಇಟ್ಟಳು. ಆಮೇಲೆ ಅಪ್ಪನ ಹಿಂದೆ ಹೋಗಿ, ಅವನ ಸೊಂಟಕ್ಕೆ ಎರಡೂ ಅಂಗೈ ಹಚ್ಚಿ, ಮೊಣಕಾಲು ಮಡಿಸಿ, ಎತ್ತಿದಳು. ಅಪ್ಪ ಸಣ್ಣ ಆಳು. ಅವಳ ಹೆಗಲ ಮಟ್ಟ ದಾಟಿ ತಲೆಯ ಮೇಲಕ್ಕೆ ಹೋದ. ತಲೆಯ ಪಟಗ ಬಿಚ್ಚಿ ಬಿತ್ತು. ಒಂದು ಕಾಲಿನ ಧೋತರ ತೊಡೆಯವರೆಗೆ ಸರಿಯಿತು. ಅವನು ಗಾಳಿಯಲ್ಲಿ ಕಾಲು ಬಡಿಯುತ್ತ, ನಾನು ಎಂದೂ ಕೇಳಿರದ ತೆಳುವಾದ ದನಿಯಲ್ಲಿ ‘ಇಳಸ, ಇಳಸಬೇ, ಬೀಳ್ತೀನಿ’ ಎಂದು ಒದರಿದ. ನೀಲತ್ತಿ ಅವಸರ ಮಾಡಲಿಲ್ಲ. ಕಟ್ಟೆಯ ಮಂದಿಗೂ, ಬಾಗಿಲ ಹೆಂಗಸರಿಗೂ ಕಾಣುವ ಹಾಗೆ ಅವನನ್ನು ಒಂದು ಸುತ್ತು ತಿರುಗಿಸಿದಳು. ಮೊದಲು ನಕ್ಕವಳು ಅಂದು ಟಿವಿ ನೋಡಿ ನಿಟ್ಟುಸಿರಿಟ್ಟಿದ್ದ ಆ ಬಾಗಿಲ ಮುದುಕಿ. ಆಮೇಲೆ ಓಣಿಯೆಲ್ಲ ನಕ್ಕಿತು. ಅಂಥ ನಗು ಅಪ್ಪ ಜೀವಮಾನದಲ್ಲಿ ಯಾರಿಂದಲೂ ಪಡೆದಿರಲಿಲ್ಲ. ಅವಳು ಅವನನ್ನು ಸದ್ದಾಗದ ಹಾಗೆ ಅವನ ಕುರ್ಚಿಯಲ್ಲೇ ಇಳಿಸಿದಳು.

“ಎತ್ತಿದವರು ಕೈ ಬಿಡೂದಿಲ್ಲೋ ಅಣ್ಣಾ. ನೋಡಿದ್ಯಲ್ಲ” ಎಂದಳು.

ಈರಪ್ಪ ಚಪ್ಪಲಿ ಹುಡುಕುತ್ತಿದ್ದ. ‘ಇಂಥಾಕಿನ್ನ ಕಟಗೊಂಡು ನಾ ಬಾಳೇ ಮಾಡಾಂವ ಅಲ್ರಿ, ನೀವs ಇಟಗೋರಿ’ ಎಂದು ಹಿರಿಯನನ್ನು ಎಬ್ಬಿಸಿಕೊಂಡು ಹೊರಟುಹೋದ. ಹೀಗೆ ನೀಲತ್ತಿ ಉಳಿದಳು. ನಾವು ಗೆದ್ದೆವು ಎಂದು ನಾನು ಅಂದುಕೊಂಡೆ.

ಮರುದಿನ ಮಧ್ಯಾಹ್ನ ಅವಳು ಒಳಗೆ ಬಂದಾಗ ಅಪ್ಪ ಊಟ ಮಾಡುತ್ತಿದ್ದ. ತಲೆ ಎತ್ತದೆ ಅವ್ವನಿಗೆ, ‘ಬಾಗಲಾ ಮುಚ್ಚು, ಗಾಳಿ ಬರಾಕತ್ತೈತಿ’ ಎಂದ. ಅವ್ವ ಎದ್ದು, ಬಾಗಿಲಲ್ಲಿ ನಿಂತಿದ್ದ ನೀಲತ್ತಿಯನ್ನು ನೋಡಿ, ಅಪ್ಪನನ್ನು ನೋಡಿ, ಬಾಗಿಲು ಮುಚ್ಚಿದಳು. ಅಂದಿನಿಂದ ಅದೇ ಮನೆಯ ರಿವಾಜಾಯಿತು. ಅವಳು ನೀರು ತಂದು ಹರಿವಿ ತುಂಬಿಸಿದರೆ, ‘ಮಳಿ ಆಗಿರಬೇಕು, ನೀರ ತುಂಬ್ಯಾವ’ ಎನ್ನುತ್ತಿದ್ದ. ಅವಳು ಮಾತಾಡಿದರೆ ಕಿವಿಯಲ್ಲಿ ಬೆರಳು ತಿರುವಿ, ಸೊಳ್ಳೆ ಎನ್ನುತ್ತಿದ್ದ. ಬಂದ ಮಂದಿಗೂ ಆಟ ರೂಢಿಯಾಯಿತು. ಅವ್ವ ಅವಳ ತಾಟು ತೆಗೆದು ಅಟ್ಟದ ಮೇಲಿಟ್ಟಳು. ಹಳಸಲು ರೊಟ್ಟಿ ಗೋದಲಿಯ ಕಟ್ಟೆಯ ಮೇಲೆ ಇರುತ್ತಿತ್ತು, ನಾಯಿಗೆ ಇಟ್ಟಂತೆ. ಯಾರು ಇಟ್ಟರೆಂದು ಯಾರೂ ಹೇಳುತ್ತಿರಲಿಲ್ಲ. ಆಯಿ ಒಬ್ಬಳೇ ‘ನೀಲೀ’ ಎಂದು ಕೂಗುತ್ತಿದ್ದಳು. ಅಪ್ಪ ಆಕೆಯ ಎದುರು ಕೂತು, ಊರ ಹೊರಗಿನ ದಾರಿಯ ಕಡೆ ಕೈ ತೋರಿಸಿ, ತುಟಿ ಆಡಿಸಿ, ಮಗಳು ತಂಬೂರಿಗೆ ಹೋದಳೆಂದು ತಿಳಿಸಿದ. ಅಷ್ಟೊತ್ತಿಗೆ ಆಯಿಯ ಕಣ್ಣೂ ಮಂಜಾಗಿದ್ದವು, ತೀರ ಎದುರಿಗೆ ಕೂತವರಷ್ಟೇ ಕಾಣುತ್ತಿದ್ದರು. ತಾಯಿ ಕೂತ ಮೂಲೆಯ ಮುಂದೆ ಮಗಳು ದಿನಾ ಕಸ ಹೊಡೆಯುತ್ತಿದ್ದಳು, ತಾಯಿ ಮಗಳನ್ನು ನೆನೆದು ಅಳುತ್ತಿದ್ದಳು.

ಕೈಯ ಕಟ್ಟು ಬಿಚ್ಚಿದ ದಿನ ಅವ್ವ ಹೋಳಿಗೆ ಮಾಡಿದ್ದಳು. ಎಲ್ಲರೂ ಕೂತಿದ್ದಾಗ ನಾನು ನನ್ನ ತಾಟಿನ ಬಾಜು ಮಣೆ ಹಾಕಿ, ‘ಅತ್ತಿ, ಊಟಕ್ಕ ಬಾ’ ಎಂದು ಜೋರಾಗಿ ಕರೆದೆ. ಅಪ್ಪ ಜಗಿಯುವುದನ್ನು ನಿಲ್ಲಿಸಿದ. ಬಹಳ ಮೆತ್ತಗೆ ಅವ್ವನಿಗೆ ಹೇಳಿದ:

“ಇನ್ನೊಂದ ಕಿಡಕಿನೂ ಮುಚ್ಚಬೇಕಾತ ನೋಡು. ಈ ಕಡಿಂದನೂ ಗಾಳಿ ಬರಾಕತ್ತೈತಿ.”

ಅವ್ವ ನನ್ನ ತಾಟಿನಿಂದ ಹೋಳಿಗೆ ತೆಗೆದಳು. ನಾನು ಅಪ್ಪಾ ಎಂದರೆ ಅಪ್ಪನ ಕಣ್ಣು ನನ್ನನ್ನು ದಾಟಿ ಗೋಡೆಗೆ ಹೋಗುತ್ತಿತ್ತು. ಎದುರಿಗೆ ಹೋಗಿ ನಿಂತೆ, ಅವನ ಮೊಣಕಾಲು ಹಿಡಿದು ಅಲ್ಲಾಡಿಸಿದೆ, ಬಿಕ್ಕಿ ಬಿಕ್ಕಿ ಅತ್ತೆ. ಅವನು ತೊಡೆಯ ಮೇಲಿನ ಧೂಳು ಕೊಡವಿಕೊಂಡ. ಹತ್ತು ವರ್ಷದ ಮಗುವಿಗೆ ತಾನು ಇದ್ದೇನೋ ಇಲ್ಲವೋ ಎಂಬ ಸಂಶಯ ಬರಲು ಬಹಳ ದಿನ ಬೇಕಾಗುವುದಿಲ್ಲ. ಸಾಲೆಯಲ್ಲಿ ಹಾಜರಿ ಕೂಗಿದಾಗ ನಾನು ಓ ಎನ್ನುವುದನ್ನೂ ಬಿಟ್ಟೆ. ಅದನ್ನು ನೀಲತ್ತಿ ತಾಳಲಿಲ್ಲ. ಒಂದು ಮುಂಜಾನೆ, ಓಣಿಯೆಲ್ಲ ಎದ್ದು ಅಂಗಳಕ್ಕೆ ನೀರು ಹೊಡೆಯುವ ಹೊತ್ತಿಗೆ, ಅವಳು ಬಂದಾಗ ತಂದಿದ್ದ ಗಂಟನ್ನೇ ಹಿಡಿದು ಪಡಸಾಲೆಯ ನಡುವಿನಿಂದ ಹೊರಗೆ ನಡೆದಳು. ಹೊಸ್ತಿಲಲ್ಲಿ ನನ್ನ ಮುಂದೆ ಕೂತು, ಎರಡೂ ಅಂಗೈಯಿಂದ ನನ್ನ ಮುಖ ಹಿಡಿದಳು.

“ನಾ ಇಲ್ಲಿ ಇರೂತನಾ ನಿನ್ನೂ ಹಿಂಗs ಮಾಡ್ತಾರ. ನಾ ಹ್ವಾದ್ರ ನೀ ಕಾಣಸ್ತಿ. ಉಣ್ಣು, ಸಾಲಿ ಕಲಿ.”

ಯಾರೂ ತಡೆಯಲಿಲ್ಲ. ಇಲ್ಲದವಳನ್ನು ತಡೆಯುವುದು ಹೇಗೆ? ಅಂದು ಸಂಜೆಯೇ ಅಪ್ಪ ನನಗೆ ‘ಏ ಊದಿನಕಡ್ಡಿ, ನೀರ ತಾ’ ಎಂದ. ತಂದುಕೊಟ್ಟೆ. ಅವಳು ಹೇಳಿದ್ದು ನಿಜವಾಗಿತ್ತು.

ಆಮೇಲೆ ಆಯಿ ತೀರಿಹೋದಳು. ಮಾಸ್ತರರು ವರ್ಗವಾಗಿ ಹೋದರು. ಹೋಗುವ ಮುಂದೆ ನನಗೊಂದು ಪೆನ್ನು ಕೊಟ್ಟರು, ಮುಖ ನೋಡದೆ. ನಾನು ಕಾಲೇಜಿಗೆ ಹೋಗುವಷ್ಟು ದೊಡ್ಡವಳಾದಾಗ ಬಳೆ ಮಾರುವ ಹೆಂಗಸೊಬ್ಬಳು ಗುಟ್ಟಾಗಿ ಸುದ್ದಿ ಹೇಳಿದಳು: ಅಣ್ಣಿಗೇರಿಯಲ್ಲಿ, ಹತ್ತಿಯ ಗಿರಣಿಯಲ್ಲಿ, ಬಹಳ ಎತ್ತರದ ಹೆಂಗಸೊಬ್ಬಳಿದ್ದಾಳೆ. ನಾನು ಕಾಲೇಜು ತಪ್ಪಿಸಿ ಬಸ್ಸು ಹತ್ತಿದೆ. ಬಿಸಿಲಿನಲ್ಲಿ ಕೇಳುತ್ತ ಕೇಳುತ್ತ ಗಿರಣಿ ಮುಟ್ಟಿದೆ. ಅಂಗಳದಲ್ಲಿ ಹೆಂಗಸರ ಸಾಲು ಹತ್ತಿ ಆರಿಸುತ್ತ ಕೂತಿತ್ತು. ಅವರ ನಡುವೆ ಅವಳನ್ನು ಗುರುತಿಸಲು ತಡವಾಗಲಿಲ್ಲ. ಕೂದಲು ನೆರೆತಿತ್ತು. ಯಾರೋ ಏನೋ ಅಂದದ್ದಕ್ಕೆ ಅವಳು ಬಾಯಿ ತುಂಬ ನಗುತ್ತಿದ್ದಳು. ನಮ್ಮ ಮನೆಯಲ್ಲಿ ಅವಳು ನಕ್ಕದ್ದನ್ನು ನಾನು ಕೇಳಿರಲೇ ಇಲ್ಲ. ಹೋಗಿ ಮುಂದೆ ನಿಂತೆ. ಅವಳು ತಲೆ ಎತ್ತಿದಳು. ನನ್ನ ಮುಖ ನೋಡಿದಳು, ಸೊಟ್ಟ ಕೈ ನೋಡಿದಳು. ನಗು ನಿಂತಿತು.

“ಯಾರ ಬೇಕಾಗಿತ್ರಿ?”

“ಅತ್ತಿ, ನಾನು. ಶಾರಿ.”

ಬಾಜು ಕೂತವಳು ‘ಯಾರs ನೀಲಕ್ಕಾ? ನಿಮ್ಮ ಮಂದಿ ಏನ?’ ಎಂದು ಕೇಳಿದಳು. ನೀಲತ್ತಿ ಒಂದು ಹಿಡಿ ಹತ್ತಿ ತೆಗೆದುಕೊಂಡು ಅದರೊಳಗಿನ ಎಲೆಚೂರು ಆರಿಸತೊಡಗಿದಳು.

“ನನಗ ಯಾರೂ ಇಲ್ಲಂತ ಹೇಳೀನಲ್ಲ ನಿಮಗ. ಈ ತಂಗಿ ಬ್ಯಾರೆ ಯಾರನ್ನೋ ಹುಡಕ್ಯಾಡಾಕತ್ತಾಳ.” ಸ್ವಲ್ಪ ತಡೆದು, ನನ್ನತ್ತ ನೋಡದೆಯೇ ಅಂದಳು: “ಆಕಿಗೆ ಕುಡಿಯಾಕ ನೀರ ಕೊಡ್ರಿ. ಬಿಸಲಾಗ ಬಂದಾಳ.”

ನೀರು ಕೊಟ್ಟರು, ಕುಡಿದೆ. ಇನ್ನೂ ಸ್ವಲ್ಪ ಹೊತ್ತು ನಿಂತೆ. ಅವಳ ಕೈ ಹತ್ತಿಯಲ್ಲಿ ಆಡುತ್ತಲೇ ಇತ್ತು, ಕಣ್ಣು ಮೇಲೇಳಲಿಲ್ಲ. ಮರಳಿ ಬಸ್ಸಿನಲ್ಲಿ ಊರವರೆಗೂ ಅತ್ತೆ, ಅವಳ ಮೇಲೆ ಸಿಟ್ಟು ಬಂದು ಅತ್ತೆ. ಆ ಸಿಟ್ಟು ಹೋಗಲು ನನಗೆ ಅರ್ಧ ಆಯುಷ್ಯ ಬೇಕಾಯಿತು. ಮನೆಗೆ ಬಂದಾಗ ಪಡಸಾಲೆಯಲ್ಲಿ ಅಪ್ಪ ನಾಲ್ಕು ಜನರನ್ನು ಕೂಡಿಸಿಕೊಂಡು ನಗಿಸುತ್ತಿದ್ದ. ಅಡುಗೆಮನೆಯಲ್ಲಿ ಅವ್ವ ರೊಟ್ಟಿ ಬಡಿಯುತ್ತಿದ್ದಳು. ನನ್ನ ಸೀರೆಗೆ ಅಂಟಿದ್ದ ಅರಳೆಯ ಎಳೆ ನೋಡಿ ಅವಳ ಕೈ ನಿಂತಿತು; ಗಿರಣಿಯ ಸುದ್ದಿ ಅವ್ವನಿಗೂ ಮುಟ್ಟಿತ್ತೆಂದು ಆಗ ತಿಳಿಯಿತು. ಅಪ್ಪನ ನಗು ಜೋರಾಗುವುದನ್ನೇ ಕಾದು, ಅದರ ಮರೆಯಲ್ಲಿ ಕೇಳಿದಳು.

“ಸಿಕ್ಕಳೇನ? ಅರಾಮ ಅದಾಳ?”

ನಾನು ಸೀರೆಯಿಂದ ಆ ಎಳೆ ತೆಗೆದು ಒಲೆಗೆ ಹಾಕಿದೆ.

“ಇಲ್ಲ. ಅಲ್ಲಿ ನಮ್ಮ ಮಂದಿ ಯಾರೂ ಇಲ್ಲ” ಎಂದೆ.